ಒಂದೇ ನಿರ್ಧಾರ, ಎರಡು ಊರುಗಳ ಪಾಡು

2021ರ ಸೆಪ್ಟೆಂಬರ್ 9ರಂದು ಅಮೆರಿಕದ ಫೋರ್ಡ್ ಸಂಸ್ಥೆಯು ಭಾರತದಲ್ಲಿ ಕಾರು ತಯಾರಿಕೆಯನ್ನು ನಿಲ್ಲಿಸುವುದಾಗಿ ಪ್ರಕಟಿಸಿತು. ಹತ್ತು ವರ್ಷಗಳಲ್ಲಿ 200 ಕೋಟಿ ಡಾಲರಿಗೂ ಮೀರಿದ ನಷ್ಟವೇ ಅದು ಕೊಟ್ಟ ಕಾರಣ. ಸುಮಾರು 4,000 ನೌಕರರ ಬದುಕು ಅಂದೇ ಅತಂತ್ರವಾಯಿತು.

ನಿರ್ಧಾರ ಒಂದಾದರೂ ಫಲ ಎರಡು ಬಗೆಯಾಯಿತು. ಗುಜರಾತಿನ ಸಾನಂದ್ ಕಾರ್ಖಾನೆಯನ್ನು ಟಾಟಾ ಸಂಸ್ಥೆಯು 725.7 ಕೋಟಿ ರೂಪಾಯಿಗೆ ಕೊಂಡು, ಅರ್ಹ ನೌಕರರಿಗೆ ಕೆಲಸ ಮುಂದುವರಿಸುವ ಅವಕಾಶವಿತ್ತಿತು. ಚೆನ್ನೈ ಸಮೀಪದ ಮರೈಮಲೈ ನಗರದ ಕಾರ್ಖಾನೆ ಮಾತ್ರ ಮಾರಾಟವಾಗಲಿಲ್ಲ. ಹೆಚ್ಚಿನ ಪರಿಹಾರಕ್ಕಾಗಿ ಕಾರ್ಮಿಕರು ಮುಷ್ಕರ ಹೂಡಿದರು. 2022ರ ಜುಲೈಯಲ್ಲಿ ಅಲ್ಲಿಂದ ಕೊನೆಯ ಕಾರು ಹೊರಬಂತು.

ದೊಡ್ಡ ಕಾರ್ಖಾನೆಯನ್ನು ಮುಚ್ಚಲು ಸರಕಾರದ ಪೂರ್ವಾನುಮತಿ ಅಗತ್ಯವೆಂದು ಆಗ ಜಾರಿಯಲ್ಲಿದ್ದ 1947ರ ಕೈಗಾರಿಕಾ ವಿವಾದಗಳ ಕಾಯಿದೆ ವಿಧಿಸಿತ್ತು. ಆದರೆ ಹೊರಡಲು ನಿಶ್ಚಯಿಸಿದ ಸಂಸ್ಥೆಯನ್ನು ಕಾಯಿದೆ ಬಹುಕಾಲ ಕಟ್ಟಿಹಾಕಲಾರದು. ಕೊನೆಗೆ ಕಾರ್ಮಿಕನ ಕೈಗೆ ಬರುವುದು ಪರಿಹಾರಧನ ಮಾತ್ರ.

2024ರಲ್ಲಿ ಫೋರ್ಡ್, ರಫ್ತಿನ ಉದ್ದೇಶಕ್ಕಾಗಿ ಅದೇ ಕಾರ್ಖಾನೆಯನ್ನು ಮತ್ತೆ ಬಳಸುವ ಇಂಗಿತವನ್ನು ತಮಿಳುನಾಡು ಸರಕಾರಕ್ಕೆ ತಿಳಿಸಿತು. ಕಟ್ಟಡಗಳು ಎರಡು ವರ್ಷ ಕಾದಿದ್ದವು. ಮಕ್ಕಳ ಶಾಲೆಯ ಖರ್ಚಿರುವ ಮನೆ ಹಾಗೆ ಕಾಯಲಾರದು. ಬಹುರಾಷ್ಟ್ರೀಯ ಸಂಸ್ಥೆಗಳಿಗೆ ನೆಲ, ನೀರು, ರಿಯಾಯಿತಿಗಳನ್ನು ಕೊಡುವ ಸರಕಾರಗಳು, ಅವು ಹೊರಡುವ ದಿನದ ಷರತ್ತುಗಳನ್ನೂ ಬರುವ ದಿನವೇ ಬರೆಯಿಸಿಕೊಳ್ಳಬೇಕು.