ರೋಮ್‌ನ ಅಪ್ಪಿಯನ್ ದಾರಿ: ಇ-ಬೈಕ್‌ನಲ್ಲಿ ಭಗ್ನಾವಶೇಷ ಮತ್ತು ನೆಲದಡಿಯ ಸಮಾಧಿಗಳ ವೀಕ್ಷಣೆ

ಬೇಸಿಗೆ ರಜೆಯಲ್ಲಿ ಯೂರೋಪ್ ಪ್ರವಾಸಕ್ಕೆ ಹೋಗಿಬರುವ ಜೈನ ಕುಟುಂಬಗಳು ಈಗ ವಿರಳವೇನಲ್ಲ. ಗುಂಪು ಪ್ರವಾಸಗಳಲ್ಲಿ ರೋಮ್ ನಗರಕ್ಕೆ ಸಿಗುವುದು ಹೆಚ್ಚೆಂದರೆ ಒಂದೂವರೆ ದಿನ. ಕೊಲೋಸಿಯಂ ಮುಂದೆ ಒಂದು ಫೋಟೊ, ವ್ಯಾಟಿಕನ್‌ನಲ್ಲಿ ಉದ್ದನೆಯ ಸರದಿ ಸಾಲು, ಟ್ರೆವಿ ಕಾರಂಜಿಗೆ ಒಂದು ನಾಣ್ಯ. ಅಷ್ಟರಲ್ಲಿ ಬಸ್ಸು ಹೊರಡುತ್ತದೆ. ಅದೇ ನಗರದ ದಕ್ಷಿಣ ಬಾಗಿಲಿನ ಆಚೆ ಅಪ್ಪಿಯನ್ ದಾರಿ ಇದೆ. ಇಟಲಿಯವರು ಇದನ್ನು ವಿಯಾ ಅಪ್ಪಿಯಾ ಎನ್ನುತ್ತಾರೆ. ದೊಡ್ಡ ಬಸ್ಸುಗಳಿಗೆ ಇಲ್ಲಿ ಹೆಚ್ಚಿನ ಕಡೆ ಜಾಗವಿಲ್ಲ; ನಡೆದು ನೋಡಲು ಇಡೀ ದಿನ ಸಾಲದು. ಆದ್ದರಿಂದ ಕೆಲವು ವರ್ಷಗಳಿಂದ ಮಾರ್ಗದರ್ಶಿಯೊಂದಿಗೆ ಇ-ಬೈಕ್‌ನಲ್ಲಿ ಸುತ್ತುವ ಪದ್ಧತಿ ಇಲ್ಲಿ ಚೆನ್ನಾಗಿ ಬೆಳೆದಿದೆ. ಅರ್ಧ ದಿನ ಉಳಿಸಿಕೊಳ್ಳಬಲ್ಲವರು ನೋಡಲೇಬೇಕಾದ ಜಾಗ ಇದು. ಆದರೆ ಯಾರಿಗೆ ಸರಿ, ಯಾರಿಗೆ ಬೇಡ ಎಂಬುದನ್ನು ಮುಂಗಡ ಹಣ ಕಟ್ಟುವ ಮೊದಲೇ ತಿಳಿದಿರಬೇಕು.

ಈ ದಾರಿಯನ್ನು ಕ್ರಿ.ಪೂ. 312ರಲ್ಲಿ ಅಪ್ಪಿಯಸ್ ಕ್ಲಾಡಿಯಸ್ ಎಂಬ ರೋಮನ್ ಅಧಿಕಾರಿ ಹಾಕಿಸಲು ಆರಂಭಿಸಿದ. ಮೊದಲು ಸೈನ್ಯ ಸಾಗಿಸಲು ಕಾಪುವಾ ನಗರದವರೆಗೆ, ಮುಂದೆ ಇಟಲಿಯ ಆಗ್ನೇಯ ತುದಿಯ ಬ್ರಿಂಡಿಸಿ ಬಂದರಿನವರೆಗೆ ಅದು ಬೆಳೆಯಿತು. ಅಗಲ ಸುಮಾರು 4 ಮೀಟರ್, ಎದುರುಬದುರಾಗಿ ಎರಡು ಗಾಡಿ ಹಾಯುವಷ್ಟು. ಸೈನ್ಯದ ಹಿಂದೆಯೇ ವ್ಯಾಪಾರವೂ ಬಂತು. ಈಜಿಪ್ಟಿನಿಂದ ಹಡಗಿನಲ್ಲಿ ಪುಟಿಯೋಲಿ ಬಂದರಿಗೆ ಇಳಿದವರು ರೋಮ್‌ಗೆ ಹೋಗಲು ಹಿಡಿಯುತ್ತಿದ್ದುದು ಇದೇ ದಾರಿ. ಆ ಹಡಗುಗಳು ತರುತ್ತಿದ್ದ ಸರಕಿನಲ್ಲಿ ನಮ್ಮ ಪಶ್ಚಿಮ ಕರಾವಳಿಯ ಕರಿಮೆಣಸೂ ಇತ್ತು. ಬದಲಿಗೆ ಅಲ್ಲಿಂದ ಬಂದ ನಾಣ್ಯಗಳು ಚಿತ್ರದುರ್ಗದ ಚಂದ್ರವಳ್ಳಿಯ ಉತ್ಖನನದಲ್ಲೂ ಬೆಂಗಳೂರಿನ ಯಶವಂತಪುರದಲ್ಲೂ ಸಿಕ್ಕಿವೆ. 2024ರ ಜುಲೈನಲ್ಲಿ ನವದೆಹಲಿಯಲ್ಲಿ ನಡೆದ ಯುನೆಸ್ಕೊ ಅಧಿವೇಶನದಲ್ಲೇ ಈ ದಾರಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. ಅಸ್ಸಾಮಿನ ಆಹೋಮ್ ಅರಸರ ಸಮಾಧಿ ದಿಬ್ಬಗಳು ಸೇರಿದ್ದೂ ಅದೇ ಅಧಿವೇಶನದಲ್ಲಿ.

ಭಗ್ನಾವಶೇಷಗಳೂ ನೆಲದಡಿಯ ಸಮಾಧಿಗಳೂ ಒಂದೇ ದಾರಿಯಲ್ಲಿ ಏಕೆ ಒಟ್ಟುಗೂಡಿವೆ? ಇದಕ್ಕೆ ಎರಡು ಕಾರಣ. ಮೊದಲನೆಯದು ಕಾನೂನು. ರೋಮನ್ನರ ಅತಿ ಹಳೆಯ ಶಾಸನವಾದ ಹನ್ನೆರಡು ಫಲಕಗಳ ಪ್ರಕಾರ ನಗರದೊಳಗೆ ಶವವನ್ನು ಹೂಳುವಂತಿರಲಿಲ್ಲ, ಸುಡುವಂತೆಯೂ ಇರಲಿಲ್ಲ. ಹೀಗಾಗಿ ಕೋಟೆಬಾಗಿಲು ದಾಟಿದ ಕೂಡಲೇ ಹೆದ್ದಾರಿಯ ಎರಡೂ ಬದಿ ಸಮಾಧಿಗಳು ಎದ್ದವು. ಶ್ರೀಮಂತರು ದಾರಿಹೋಕರ ಕಣ್ಣಿಗೆ ಬೀಳುವಂತೆ ದೊಡ್ಡದಾಗಿ ಕಟ್ಟಿಸಿಕೊಂಡರು. ಎರಡನೆಯದು ಕಲ್ಲು. ರೋಮ್‌ನ ಆಗ್ನೇಯಕ್ಕಿರುವ ಆಲ್ಬನ್ ಬೆಟ್ಟಗಳು ಹಿಂದೆ ಜ್ವಾಲಾಮುಖಿಗಳಾಗಿದ್ದವು. ಹರಿದುಬಂದ ಲಾವಾ ಆರಿ ಕರಿಗಲ್ಲಾಯಿತು, ಅದನ್ನೇ ದಾರಿಗೆ ಹಾಸಿದರು. ಬೂದಿ ಗಟ್ಟಿಯಾಗಿ ಟಫ್ ಎಂಬ ಮೆದುಕಲ್ಲಾಯಿತು. ಅದನ್ನು ಅಗೆಯುವುದು ಸುಲಭ, ಗಾಳಿ ತಾಗಿದ ಮೇಲೆ ಅದು ಬಿಗಿಯಾಗುತ್ತದೆ, ಕುಸಿಯುವುದಿಲ್ಲ. ಇನ್ನೂ ಪುಡಿಯಾಗಿ ಉಳಿದದ್ದು ಪೊಝೊಲಾನಾ. ನಮ್ಮಲ್ಲಿ ಸುಣ್ಣಕ್ಕೆ ಸುರ್ಕಿ ಬೆರೆಸುತ್ತಿದ್ದಂತೆ ಅವರು ಗಾರೆಗೆ ಇದನ್ನು ಬೆರೆಸಿದರು. ಮೇಲಿನ ದಾರಿ, ಪಕ್ಕದ ಗೋಡೆ, ಕೆಳಗಿನ ಸುರಂಗ, ಮೂರಕ್ಕೂ ಮೂಲ ಅದೇ ಬೆಟ್ಟಗಳು. ಇದನ್ನು ಮನಸ್ಸಿನಲ್ಲಿಟ್ಟುಕೊಂಡು ಹೋದರೆ ಮುರುಕು ಇಟ್ಟಿಗೆಯ ರಾಶಿ ಬರೀ ರಾಶಿಯಾಗಿ ಕಾಣುವುದಿಲ್ಲ.

ಇನ್ನು ಇ-ಬೈಕ್ ವಿಷಯ. ಹೆಸರು ಕೇಳಿ ಇದನ್ನು ನಮ್ಮ ಊರಿನ ಎಲೆಕ್ಟ್ರಿಕ್ ಸ್ಕೂಟರ್ ಎಂದು ತಿಳಿಯಬಾರದು. ಇದು ಸೈಕಲ್ಲೇ. ಪೆಡಲ್ ತುಳಿದಾಗ ಮಾತ್ರ ಮೋಟಾರು ಜೊತೆಗೂಡುತ್ತದೆ. ಯೂರೋಪಿನ ನಿಯಮದಂತೆ ಮೋಟಾರಿನ ಶಕ್ತಿ 250 ವ್ಯಾಟ್, ಗಂಟೆಗೆ 25 ಕಿ.ಮೀ. ವೇಗ ದಾಟಿದರೆ ಸಹಾಯ ನಿಂತುಹೋಗುತ್ತದೆ. ಏರಿನಲ್ಲಿ ಯಾರೋ ಹಿಂದಿನಿಂದ ಮೆಲ್ಲಗೆ ತಳ್ಳಿದಂತಿರುತ್ತದೆ. ಸೈಕಲ್ ಬಾರದವರಿಗೆ ಇದು ಬರುವುದಿಲ್ಲ. ಬಾಲ್ಯದಲ್ಲಿ ತುಳಿದು ನಲವತ್ತು ವರ್ಷ ಬಿಟ್ಟವರು ಹೊರಡುವ ಮೊದಲು ಊರಿನ ಮೈದಾನದಲ್ಲಿ ನಾಲ್ಕು ದಿನ ಅಭ್ಯಾಸ ಮಾಡುವುದು ಒಳ್ಳೆಯದು. ಸಾಮಾನ್ಯ ಸೈಕಲ್ಲಿಗಿಂತ ತೂಕ ಹೆಚ್ಚು. ನಿಲ್ಲಿಸುವಾಗ ವಾಲಿದರೆ ಹಿಡಿಯುವುದು ಕಷ್ಟ. ಸೀರೆಯಲ್ಲಿ ಸಾಧ್ಯವಿಲ್ಲ. ಚೂಡಿದಾರದ ವೇಲ್ ಚಕ್ರಕ್ಕೆ ಸಿಕ್ಕದಂತೆ ಕಟ್ಟಿಕೊಳ್ಳಬೇಕು.

ಪ್ರವಾಸಗಳು ಸಾಮಾನ್ಯವಾಗಿ ಕೊಲೋಸಿಯಂ ಆಸುಪಾಸಿನಲ್ಲಿ ಆರಂಭವಾಗಿ ಕರಕಲ್ಲಾ ಸ್ನಾನಗೃಹಗಳ ಬದಿಯಿಂದ ಸೇಂಟ್ ಸೆಬಾಸ್ಟಿಯನ್ ಬಾಗಿಲು ತಲುಪುತ್ತವೆ. ಚಕ್ರವರ್ತಿ ಔರೇಲಿಯನ್ ಕ್ರಿ.ಶ. 271ರಲ್ಲಿ ಕಟ್ಟಿಸಲಾರಂಭಿಸಿದ ಕೋಟೆಗೋಡೆಯ ಬಾಗಿಲು ಇದು. ಇಲ್ಲಿಂದ ಮುಂದಿನ ಒಂದೆರಡು ಕಿಲೋಮೀಟರ್‌ನಲ್ಲೇ ಅಪಾಯ ಹೆಚ್ಚು. ದಾರಿ ಕಿರಿದು, ಎರಡೂ ಬದಿ ಎತ್ತರದ ಗೋಡೆ, ಕಾರುಗಳ ಓಡಾಟ ಜೋರು. ಒಳ್ಳೆಯ ಮಾರ್ಗದರ್ಶಿ ಆದಷ್ಟು ಕಾಫರೆಲ್ಲಾ ಕಣಿವೆಯ ಕಡೆಯಿಂದ ಬಳಸಿ ಕರೆದೊಯ್ಯುತ್ತಾನೆ. ಇಂದಿಗೂ ಕುರಿಮಂದೆ ಮೇಯುವ ಹುಲ್ಲುಗಾವಲು ಅದು. ಬುಕ್ ಮಾಡುವಾಗಲೇ ಈ ಭಾಗವನ್ನು ಹೇಗೆ ದಾಟಿಸುತ್ತೀರಿ ಎಂದು ಕೇಳಬೇಕು. ಉತ್ತರ ಸ್ಪಷ್ಟವಾಗಿ ಬರದಿದ್ದರೆ ಬೇರೆಯವರನ್ನು ನೋಡುವುದು ವಾಸಿ. ಐದು ಯೂರೊ ಉಳಿಸಲು ಹೋಗುವ ಜಾಗ ಇದಲ್ಲ.

ಮುಂದೆ ಬರುವುದು ಕ್ಯಾಟಕೂಂಬ್ ಎನ್ನಲಾಗುವ ನೆಲದಡಿಯ ಸಮಾಧಿಗಳು. ಸಂತ ಕ್ಯಾಲಿಸ್ಟಸ್, ಸಂತ ಸೆಬಾಸ್ಟಿಯನ್, ಡೊಮಿಟಿಲ್ಲಾ ಎಂಬ ಹೆಸರಿನ ಮೂರು ಹತ್ತಿರ ಹತ್ತಿರದಲ್ಲಿವೆ. ಪ್ರವಾಸದಲ್ಲಿ ಒಂದನ್ನು ತೋರಿಸುತ್ತಾರೆ. ಆ ಕಾಲದ ರೋಮನ್ನರಲ್ಲಿ ಶವ ಸುಡುವ ರೂಢಿ ಹೆಚ್ಚಾಗಿತ್ತು. ಕ್ರೈಸ್ತರು ಮತ್ತು ಯಹೂದಿಗಳು ಹೂಳುತ್ತಿದ್ದರು. ಜಮೀನು ದುಬಾರಿ, ಹೂಳಬೇಕಾದವರು ಸಾವಿರಾರು. ಹೀಗಾಗಿ ಅಗೆಯುವುದನ್ನೇ ಕಸುಬು ಮಾಡಿಕೊಂಡವರು ದೀಪದ ಬೆಳಕಿನಲ್ಲಿ ಟಫ್ ಕಲ್ಲನ್ನು ಕೊರೆದು ಓಣಿ ಮಾಡಿದರು, ಓಣಿಯ ಎರಡೂ ಗೋಡೆಯಲ್ಲಿ ಒಂದರ ಮೇಲೊಂದು ಗೂಡು ತೆಗೆದರು. ಒಂದು ಗೂಡಿಗೆ ಬಟ್ಟೆಯಲ್ಲಿ ಸುತ್ತಿದ ಒಂದು ದೇಹ, ಬಾಯಿಗೆ ಹೆಂಚು ಇಲ್ಲವೇ ಅಮೃತಶಿಲೆಯ ಮುಚ್ಚಳ. ಒಂದು ಹಂತ ತುಂಬಿದರೆ ಅದರ ಕೆಳಗೆ ಇನ್ನೊಂದು. ಕ್ಯಾಲಿಸ್ಟಸ್‌ನಲ್ಲಿ ಹೀಗೆ ನಾಲ್ಕು ಹಂತಗಳಿವೆ, ಓಣಿಗಳ ಒಟ್ಟು ಉದ್ದ ಸುಮಾರು 20 ಕಿ.ಮೀ., ಸಮಾಧಿಗಳು ಸುಮಾರು ಐದು ಲಕ್ಷ ಎಂದು ಹೇಳಲಾಗುತ್ತದೆ. ಬಹಳಷ್ಟು ಗೂಡುಗಳು ತೀರಾ ಚಿಕ್ಕವು. ಅವು ಮಕ್ಕಳವು.

ಶೋಷಣೆಗೆ ಹೆದರಿ ಕ್ರೈಸ್ತರು ಇಲ್ಲಿ ಅಡಗಿ ವಾಸಿಸುತ್ತಿದ್ದರು ಎಂಬ ಮಾತು ಸಿನಿಮಾಗಳಿಂದ ಹಬ್ಬಿದ್ದು. ಇವು ಎಲ್ಲರಿಗೂ ಗೊತ್ತಿದ್ದ ಸ್ಮಶಾನಗಳು. 8-9ನೇ ಶತಮಾನಗಳಲ್ಲಿ ಸಂತರ ಅವಶೇಷಗಳನ್ನು ನಗರದ ಚರ್ಚುಗಳಿಗೆ ಸಾಗಿಸಿದ ಮೇಲೆ ಹೆಚ್ಚಿನವು ಮರೆತುಹೋದವು, ಬಾಯಿ ಮುಚ್ಚಿ ಮೇಲೆ ದ್ರಾಕ್ಷಿ ತೋಟಗಳೆದ್ದವು. 1593ರಲ್ಲಿ ಆಂಟೋನಿಯೊ ಬೋಸಿಯೊ ಎಂಬ ಉತ್ಸಾಹಿ ಡೊಮಿಟಿಲ್ಲಾ ಸುರಂಗಕ್ಕೆ ಗೆಳೆಯರೊಂದಿಗೆ ಇಳಿದು ದಾರಿ ತಪ್ಪಿ, ದೀಪವೂ ಆರುವ ಹೊತ್ತಿಗೆ ಸಾವು ಖಚಿತವೆಂದುಕೊಂಡಿದ್ದ. ಇಂದಿಗೂ ಒಬ್ಬಂಟಿಯಾಗಿ ಒಳಗೆ ಬಿಡದಿರುವುದು ಸುಮ್ಮನೆ ಅಲ್ಲ. 1849ರಲ್ಲಿ ಜೊವಾನ್ನಿ ಬತ್ತಿಸ್ತಾ ಡಿ ರೋಸ್ಸಿ ಎಂಬ ತರುಣ ವಿದ್ವಾಂಸನಿಗೆ ಇಲ್ಲಿನ ತೋಟವೊಂದರಲ್ಲಿ ಮುರಿದ ಅಮೃತಶಿಲೆಯ ತುಂಡು ಸಿಕ್ಕಿತು. ಅದರ ಮೇಲೆ ಒಂದು ಹೆಸರಿನ ಕೊನೆಯ ಭಾಗ ಮಾತ್ರ ಇತ್ತು, ‘ನೀಲಿಯಸ್, ಹುತಾತ್ಮ’ ಎಂದು. ಅದು 3ನೇ ಶತಮಾನದ ಪೋಪ್ ಕೊರ್ನೀಲಿಯಸ್‌ನದೇ ಎಂದು ಆತ ಗುರುತಿಸಿದ. ಪೋಪ್ ಒಂಬತ್ತನೇ ಪಯಸ್‌ಗೆ ಹೇಳಿ ಆ ತೋಟವನ್ನೇ ಕೊಳ್ಳುವಂತೆ ಮಾಡಿದ. ಅಗೆದಾಗ 1854ರಲ್ಲಿ ಪೋಪ್‌ಗಳ ಸಮಾಧಿ ಕೋಣೆಯೇ ಹೊರಬಂತು. ನಮ್ಮ ಹಳೆಯ ಬಸದಿಗಳ ಅಂಗಳದಲ್ಲಿ ಬಟ್ಟೆ ಒಗೆಯಲು ಬಳಕೆಯಾಗುವ ಅಕ್ಷರದ ಕಲ್ಲು ಕಂಡಾಗ ಈ ಪ್ರಸಂಗವನ್ನು ನೆನೆಯಬೇಕು.

ಸ್ಮಶಾನಕ್ಕೆ ಪ್ರವಾಸ ಹೋಗುವುದೇ ಎಂದು ಮನೆಯ ಹಿರಿಯರು ಅಳುಕುವುದು ಸಹಜ. ವೀಕ್ಷಕರಿಗೆ ತೆರೆದಿರುವ ಭಾಗಗಳಲ್ಲಿ ಗೂಡುಗಳು ಖಾಲಿ. ಅಸ್ಥಿಗಳನ್ನು ತೆಗೆದು ಬೇರೆಡೆ ಇರಿಸಲಾಗಿದೆ. ಉಳಿದಿರುವುದು ಹೆಸರುಗಳು, ಮೀನು, ಲಂಗರು, ಪಾರಿವಾಳದಂಥ ಗುರುತುಗಳು. ಶ್ರವಣಬೆಳಗೊಳದ ಚಿಕ್ಕಬೆಟ್ಟದಲ್ಲಿ ಸಲ್ಲೇಖನ ಕೈಗೊಂಡವರ ಹೆಸರುಗಳನ್ನು ಬಂಡೆಯ ಮೇಲೆ ಓದಿದವರಿಗೆ ಇಲ್ಲಿನ ಮೌನ ತೀರಾ ಹೊಸದೆನಿಸದು. ಎರಡರ ನಂಬಿಕೆ ಬೇರೆ, ಸಾವನ್ನು ಕಂಡ ಬಗೆಯೂ ಬೇರೆ. ಆದರೂ ಮನಸ್ಸು ಒಪ್ಪದವರನ್ನು ಒತ್ತಾಯಿಸುವ ಅಗತ್ಯವಿಲ್ಲ. ಮೇಲೆ ಮರದ ನೆರಳಿನಲ್ಲಿ ಕುಳಿತಿರಬಹುದು, ಕೆಳಗಿನ ವೀಕ್ಷಣೆ ಮುಕ್ಕಾಲು ಗಂಟೆಯೊಳಗೆ ಮುಗಿಯುತ್ತದೆ. ಇಳಿಯುವವರಿಗೆ ಕಡಿದಾದ ಮೆಟ್ಟಿಲು, ಕಿರಿದಾದ ಓಣಿ. ಮಂಡಿ ನೋವು, ಉಬ್ಬಸ, ಇಕ್ಕಟ್ಟಿನ ಭಯ ಇದ್ದವರು ಇಳಿಯದಿರುವುದೇ ಮೇಲು. ಹೊರಗೆ ಬಿಸಿಲು 35 ಡಿಗ್ರಿ ಇದ್ದರೂ ಒಳಗೆ ಸುಮಾರು 15 ಡಿಗ್ರಿ. ಬೆವರಿದ ಮೈಗೆ ಶಾಲು ಬೇಕು. ಫೋಟೊ ತೆಗೆಯುವಂತಿಲ್ಲ. ತೋಳು ಮುಚ್ಚಿದ ಉಡುಪು ಇರಲಿ.

ಮತ್ತೆ ಮೇಲೆ ಬಂದರೆ ಸ್ವಲ್ಪ ದೂರದಲ್ಲೇ ಸಿಸಿಲಿಯಾ ಮೆಟೆಲ್ಲಾ ಎಂಬ ಶ್ರೀಮಂತ ಮಹಿಳೆಯ ಸಮಾಧಿ. ಸುಮಾರು 30 ಮೀಟರ್ ಅಡ್ಡಳತೆಯ ಗುಂಡನೆಯ ಗೋಪುರ. ಮಧ್ಯಯುಗದಲ್ಲಿ ಒಂದು ಮನೆತನದವರು ಇದನ್ನೇ ಕೋಟೆ ಮಾಡಿಕೊಂಡರು. ಕೆಳಗಿನ ಕೋಣೆಯಲ್ಲಿ ಹಳೆಯ ಲಾವಾ ಹರಿದು ನಿಂತ ಅಂಚನ್ನೇ ಕಣ್ಣಾರೆ ನೋಡಬಹುದು. ಗೋಪುರದ ಸುತ್ತ ಹೂಮಾಲೆಗಳ ನಡುವೆ ಎತ್ತಿನ ತಲೆಬುರುಡೆಗಳನ್ನು ಕೆತ್ತಿದ್ದಾರೆ, ಬಲಿಯ ಗುರುತಾಗಿ. ಈಕೆ ಕ್ರಾಸಸ್ ಎಂಬ ಸೇನಾಪತಿಯ ಸೊಸೆ ಎನ್ನುತ್ತಾರೆ. ಸ್ಪಾರ್ಟಕಸ್‌ನ ನೇತೃತ್ವದಲ್ಲಿ ಗುಲಾಮರು ದಂಗೆಯೆದ್ದು ಸೋತಾಗ, ಕ್ರಿ.ಪೂ. 71ರಲ್ಲಿ, ಸೆರೆಸಿಕ್ಕ 6000 ಜನರನ್ನು ಕಾಪುವಾದಿಂದ ರೋಮ್‌ವರೆಗೆ ಇದೇ ದಾರಿಯುದ್ದಕ್ಕೂ ಶಿಲುಬೆಗೇರಿಸಿದವನು ಆ ಕ್ರಾಸಸ್. ಮಾರ್ಗದರ್ಶಿಗಳು ಗೋಪುರದ ಎತ್ತರ ಹೇಳುವಷ್ಟು ಉತ್ಸಾಹದಿಂದ ಇದನ್ನು ಹೇಳುವುದಿಲ್ಲ. ಮಕ್ಕಳಿದ್ದರೆ ಮನೆಯವರೇ ಹೇಳಬೇಕು.

ಇಲ್ಲಿಂದ ಮುಂದೆ ಹಳೆಯ ಕರಿಗಲ್ಲ ಹಾಸು ಹಾಗೆಯೇ ಇದೆ, ಗಾಡಿ ಚಕ್ರದ ಗೆರೆಗಳ ಸಮೇತ. ಕಲ್ಲಿನ ಮೇಲೆ ಬೈಕ್ ಓಡಿಸಿದರೆ ಮೈಮೂಳೆ ಅಲುಗುತ್ತದೆ. ಪಕ್ಕದ ಮಣ್ಣಿನ ಜಾಡೇ ಲೇಸು. 1960ರ ಒಲಿಂಪಿಕ್ಸ್‌ನಲ್ಲಿ ಇಥಿಯೋಪಿಯಾದ ಅಬೆಬೆ ಬಿಕಿಲಾ ಬರಿಗಾಲಲ್ಲಿ ಮ್ಯಾರಥಾನ್ ಗೆದ್ದದ್ದು ಈ ದಾರಿಯನ್ನೂ ಹಾದು.

ಇಷ್ಟೆಲ್ಲ ಉಳಿದದ್ದು ತಾನಾಗಿ ಅಲ್ಲ. ಎರಡನೇ ಮಹಾಯುದ್ಧದ ನಂತರ ಹಣವಂತರು ಸಮಾಧಿಗಳ ನಡುವೆಯೇ ಬಂಗಲೆ ಕಟ್ಟತೊಡಗಿದ್ದರು. 1953ರಲ್ಲಿ ಆಂಟೋನಿಯೊ ಚೆದೆರ್ನಾ ಎಂಬ ಪತ್ರಕರ್ತ ಇದರ ವಿರುದ್ಧ ಕಟುವಾಗಿ ಬರೆದ, ಬರೆಯುತ್ತಲೇ ಹೋದ. ಪ್ರಾದೇಶಿಕ ಉದ್ಯಾನವೆಂದು ಘೋಷಣೆಯಾದದ್ದು 1988ರಲ್ಲಿ. ಮೂವತ್ತೈದು ವರ್ಷ ಹಿಡಿಯಿತು.

ದೀರ್ಘ ಪ್ರವಾಸಗಳು ಕೊನೆಗೆ ಮೇಲ್ಗಾಲುವೆಗಳ ಉದ್ಯಾನಕ್ಕೆ ತಿರುಗುತ್ತವೆ. ಕ್ರಿ.ಶ. 52ರಲ್ಲಿ ಮುಗಿದ ಕ್ಲಾಡಿಯಾ ಕಾಲುವೆಯ ಕಮಾನುಗಳು ಇಲ್ಲಿ 25 ಮೀಟರಿಗಿಂತ ಎತ್ತರ ಏರುತ್ತವೆ. ಆದರೆ 69 ಕಿ.ಮೀ. ಉದ್ದದ ಆ ಕಾಲುವೆಯ ಬಹುಭಾಗ ಹರಿಯುತ್ತಿದ್ದುದು ನೆಲದಡಿಯಲ್ಲಿ. ಕಮಾನು ಬೇಕಾದದ್ದು ಬಯಲು ದಾಟಿ ನಗರಕ್ಕೆ ಎತ್ತರ ಕಾಯ್ದುಕೊಳ್ಳಲು ಮಾತ್ರ. 537ರಲ್ಲಿ ಮುತ್ತಿಗೆ ಹಾಕಿದ ಗೋಥ್ ಸೈನ್ಯ ಕಾಲುವೆಗಳನ್ನು ಕಡಿದು ನಗರಕ್ಕೆ ನೀರು ನಿಲ್ಲಿಸಿತು.

ಊಟದ ಮಾತು ಮೊದಲೇ ಆಗಬೇಕು. ಕೆಲವು ಪ್ರವಾಸಗಳಲ್ಲಿ ಮಧ್ಯೆ ಹಂದಿಮಾಂಸ, ವೈನ್, ಚೀಸ್ ರುಚಿ ತೋರಿಸುವ ನಿಲುಗಡೆ ಸೇರಿರುತ್ತದೆ, ಅದಿಲ್ಲದ್ದನ್ನು ಆರಿಸಬೇಕು. ಮಾಂಸವಿಲ್ಲ ಎಂದರೆ ಸಾಲದು. ಪಾರ್ಮಿಜಾನೊ ಚೀಸ್‌ಗೆ ಕರುವಿನ ಹೊಟ್ಟೆಯಿಂದ ತೆಗೆದ ರೆನೆಟ್, ಪೆಕೊರಿನೊ ರೊಮಾನೊಗೆ ಕುರಿಮರಿಯದು. ಮೊಝರೆಲ್ಲಾದಲ್ಲೂ ಅನೇಕ ಕಡೆ ಇದೇ ಕಥೆ. ಕೆಲವು ರೊಟ್ಟಿಗಳಿಗೆ ಹಂದಿ ಕೊಬ್ಬು, ಐಸ್‌ಕ್ರೀಮಿಗೆ ಮೊಟ್ಟೆ ಬೀಳುತ್ತದೆ. ‘ಸೆನ್ಸಾ ಆಲ್ಯೊ, ಸೆನ್ಸಾ ಚಿಪೊಲ್ಲಾ’ ಎಂದರೆ ಬೆಳ್ಳುಳ್ಳಿ, ಈರುಳ್ಳಿ ಬೇಡ ಎಂದು. ‘ಸೆನ್ಸಾ ಫೊರ್ಮಾಜ್ಜೊ’ ಎಂದರೆ ಚೀಸ್ ಬೇಡ. ಎಲ್ಲಕ್ಕಿಂತ ಸುಲಭ, ಮನೆಯಿಂದ ಒಯ್ದ ಖಾಕ್ರಾ, ಚಟ್ನಿಪುಡಿ, ಅಲ್ಲಿನ ಹಣ್ಣು. ನಗರದ ಬೀದಿ ನಲ್ಲಿಗಳ ನೀರು ಕುಡಿಯಲು ಯೋಗ್ಯ; ಗಾಳಿಸಿದ ನೀರನ್ನೇ ಕುಡಿಯುವವರು ಬಟ್ಟೆ, ಫ್ಲಾಸ್ಕ್ ಒಯ್ಯಬೇಕು. ಜೂನ್‌ನಲ್ಲಿ ಸೂರ್ಯಾಸ್ತ ರಾತ್ರಿ 8.45ರ ಸುಮಾರಿಗೆ, ಆದ್ದರಿಂದ ಮಧ್ಯಾಹ್ನದ ಪ್ರವಾಸ ಮುಗಿಸಿಯೂ ಹಗಲಿನಲ್ಲೇ ಉಣ್ಣಬಹುದು. ಡಿಸೆಂಬರ್‌ನಲ್ಲಿ 4.40ಕ್ಕೇ ಕತ್ತಲು, ಆಗ ಬೆಳಗಿನ ಪ್ರವಾಸವೇ ಸರಿ.

ದಿನ ಆರಿಸುವಾಗ ಭಾನುವಾರ ಮೇಲು, ಅಂದು ಹಳೆಯ ದಾರಿಯಲ್ಲಿ ಖಾಸಗಿ ಕಾರುಗಳಿಗೆ ತಡೆಯಿರುತ್ತದೆ. ಆದರೆ ಕ್ಯಾಟಕೂಂಬ್‌ಗಳಿಗೆ ವಾರದ ರಜೆ ಬೇರೆ ಬೇರೆ ದಿನ, ಕ್ಯಾಲಿಸ್ಟಸ್‌ಗೆ ಬುಧವಾರ. ಚಳಿಗಾಲದಲ್ಲಿ ಕೆಲವು ವಾರ ಪೂರ್ತಿ ಮುಚ್ಚುವುದೂ ಉಂಟು. ಒಳಪ್ರವೇಶದ ಟಿಕೆಟ್ ಪ್ರವಾಸದ ದರದಲ್ಲಿ ಸೇರಿದೆಯೇ ಎಂದು ಬರಹದಲ್ಲೇ ಕೇಳಿ ಪಡೆಯಬೇಕು. ಸೈಕಲ್ ತುಳಿಯಲಾಗದ ಅಜ್ಜ-ಅಜ್ಜಿಯರಿಗೆ ಅದೇ ದಾರಿಯಲ್ಲಿ ಬ್ಯಾಟರಿ ಚಾಲಿತ ಗಾಲ್ಫ್ ಕಾರ್ಟ್ ಪ್ರವಾಸಗಳಿವೆ. ಕಡಿಮೆ ಖರ್ಚಿನಲ್ಲಿ ಕ್ಯಾಟಕೂಂಬ್ ಮಾತ್ರ ನೋಡುವವರು 118 ಸಂಖ್ಯೆಯ ಸಿಟಿ ಬಸ್ ಹಿಡಿಯಬಹುದು.