ವೆರಿಫಿಕೇಶನ್ ಹೊತ್ತಿಗೆ ಡಿಗ್ರಿ ಬಂದರೆ ಸಾಕೆ?

"ಈಗ ಅರ್ಜಿ ಹಾಕ್ಬುಡು, ವೆರಿಫಿಕೇಶನ್ ಹೊತ್ಗೆ ಮಾರ್ಕ್ಸ್ ಕಾರ್ಡ್ ಬಂದಿರ್ತದೆ." ಶ್ರೀರಂಗಪಟ್ಟಣ, ಪಾಂಡವಪುರ, ಕೆ.ಆರ್. ಪೇಟೆ, ನಾಗಮಂಗಲ ತಾಲ್ಲೂಕುಗಳು ಸೇರಿದ ಪಾಂಡವಪುರ ಉಪವಿಭಾಗದಲ್ಲಾಗಲಿ, ರಾಜ್ಯದ ಬೇರೆಡೆಯಲ್ಲಾಗಲಿ, ಸರ್ಕಾರಿ ಕೆಲಸಕ್ಕೆ ಅರ್ಜಿ ತುಂಬುವ ಕೊನೇ ವರ್ಷದ ವಿದ್ಯಾರ್ಥಿಗಳಿಗೆ ಸಲೀಸಾಗಿ ಸಿಗುವ ಸಲಹೆ ಇದು. ಕೊನೆಯ ದಿನಾಂಕ ಎಂಬುದು ಅರ್ಜಿ ಕಳಿಸಲು ಮಾತ್ರ, ವಿದ್ಯಾರ್ಹತೆಯ ಲೆಕ್ಕ ಆಮೇಲಿನದು ಎಂಬ ನಂಬಿಕೆ ಇದರ ಹಿಂದಿದೆ. ಪೋರ್ಟಲ್ ಶುಲ್ಕ ಕಟ್ಟಿಸಿಕೊಂಡು ಹಾಲ್ ಟಿಕೆಟ್ ಕೊಟ್ಟ ಮೇಲಂತೂ ಅದು ಇನ್ನಷ್ಟು ಗಟ್ಟಿಯಾಗುತ್ತದೆ. ಆದರೆ ಪೋರ್ಟಲ್ ಅಭ್ಯರ್ಥಿ ತುಂಬಿದ್ದನ್ನು ನಂಬಿ ಮುಂದಕ್ಕೆ ಬಿಡುತ್ತದೆ, ಅಷ್ಟೆ. ಹಾಲ್ ಟಿಕೆಟ್ ಬಂದ ಮಾತ್ರಕ್ಕೆ ಹಕ್ಕು ಹುಟ್ಟುವುದಿಲ್ಲ.

ಕಾನೂನು ಈ ವಿಷಯದಲ್ಲಿ ಸ್ಪಷ್ಟವಾಗಿದೆ. ಭೂಪಿಂದರ್‌ಪಾಲ್ ಸಿಂಗ್ ಪ್ರಕರಣದಲ್ಲಿ (2000) ಸುಪ್ರೀಂ ಕೋರ್ಟ್ ಹೇಳಿದ್ದಿಷ್ಟು: ನೇಮಕಾತಿ ನಿಯಮದಲ್ಲಿ ದಿನಾಂಕ ಇದ್ದರೆ ಅದೇ ಅಂತಿಮ; ಇಲ್ಲದಿದ್ದರೆ ಅಧಿಸೂಚನೆಯಲ್ಲಿ ಕೊಟ್ಟ ದಿನಾಂಕ; ಅದೂ ಇಲ್ಲದಿದ್ದರೆ ಅರ್ಜಿ ಸ್ವೀಕಾರದ ಕೊನೆಯ ದಿನ. ಇದಕ್ಕೂ ಮೊದಲಿನ ಅಶೋಕ್ ಕುಮಾರ್ ಶರ್ಮಾ ಪ್ರಕರಣ ಇನ್ನೂ ಕುತೂಹಲಕರ. ಕೊನೆಯ ದಿನಾಂಕ ಕಳೆದ ಮೇಲೆ, ಆದರೆ ಸಂದರ್ಶನಕ್ಕೆ ಮುಂಚೆ ಫಲಿತಾಂಶ ಬಂದವರನ್ನು ಒಪ್ಪಬಹುದೆಂದು ಬಹುಮತದ ತೀರ್ಪು ಮೊದಲು ಬಂದಿತ್ತು. 1997ರಲ್ಲಿ ಅದೇ ನ್ಯಾಯಾಲಯ ಮರುಪರಿಶೀಲನೆ ನಡೆಸಿ, ಅದು ತಪ್ಪೆಂದಿತು. ಕೊಟ್ಟ ಕಾರಣವೇ ಇಡೀ ವಾದದ ತಿರುಳು. ಅಧಿಸೂಚನೆ ಎಂದರೆ ಸರ್ಕಾರ ಸಾರ್ವಜನಿಕರಿಗೆ ಕೊಟ್ಟ ಮಾತು. ಇನ್ನೂ ಫಲಿತಾಂಶ ಬಂದಿಲ್ಲವೆಂದು ಅಧಿಸೂಚನೆಗೆ ಬೆಲೆ ಕೊಟ್ಟು ಅರ್ಜಿಯನ್ನೇ ಹಾಕದೆ ಕುಳಿತ ಕಿಕ್ಕೇರಿಯ ಹುಡುಗಿಯೊಬ್ಬಳು ಇದ್ದಾಳೆ ಎಂದುಕೊಳ್ಳಿ. ಅವಳ ಸಹಪಾಠಿ 'ನೋಡೋಣ' ಎಂದು ಅರ್ಜಿ ಹಾಕಿ ಆಯ್ಕೆಯಾದರೆ, ನಿಯಮ ಪಾಲಿಸಿದ್ದಕ್ಕೇ ಅವಳಿಗೆ ದಂಡ ಬಿದ್ದಂತೆ. ಅವಳು ಕೋರ್ಟಿನಲ್ಲಿ ಎದುರುವಾದಿಯಲ್ಲ, ಯಾವ ಪಟ್ಟಿಯಲ್ಲೂ ಅವಳ ಹೆಸರಿಲ್ಲ. ಅದಕ್ಕೇ ಅವಳ ನಷ್ಟ ಯಾರ ಕಣ್ಣಿಗೂ ಬೀಳುವುದಿಲ್ಲ.

ಹೆಚ್ಚು ಅಂಕ ಪಡೆದವನನ್ನು ಒಂದು ತಾರೀಖಿಗಾಗಿ ಕಳೆದುಕೊಳ್ಳುವುದು ಇಲಾಖೆಗೇ ನಷ್ಟವಲ್ಲವೇ ಎಂಬ ಆಕ್ಷೇಪ ಇದೆ. ಅವನೇ ಉತ್ತಮ ಎಂದು ಯಾರಿಗೆ ಹೋಲಿಸಿ ಹೇಳುತ್ತೇವೆ? ಅರ್ಜಿ ಹಾಕಿದವರಿಗೆ ಮಾತ್ರ. ಹಾಕದೆ ಉಳಿದವರು ಹೋಲಿಕೆಗೇ ಬಂದಿಲ್ಲ. ಎರಡನೆಯ ಆಕ್ಷೇಪ ಹೆಚ್ಚು ತೂಕದ್ದು: ವಿಶ್ವವಿದ್ಯಾಲಯ ಫಲಿತಾಂಶ ತಡ ಮಾಡಿದರೆ ವಿದ್ಯಾರ್ಥಿಯ ತಪ್ಪೇನು? ತಪ್ಪೇನೂ ಇಲ್ಲ. ಆದರೆ ಪರಿಹಾರ ಸಿಗಬೇಕಾದದ್ದು ಆಯ್ಕೆ ಮುಗಿದ ಮೇಲೆ ಅಲ್ಲ, ಅಧಿಸೂಚನೆಯಲ್ಲೇ. ಯುಪಿಎಸ್‌ಸಿ ನಾಗರಿಕ ಸೇವಾ ಪರೀಕ್ಷೆಯ ಪ್ರಿಲಿಮ್ಸ್‌ಗೆ ಪದವಿಯ ಕೊನೇ ವರ್ಷದವರೂ ಕೂರಬಹುದು. ಆ ಅವಕಾಶ ಎಲ್ಲರಿಗೂ ಮೊದಲೇ ತಿಳಿದಿರುತ್ತದೆ. ರಾಜ್ಯದ ನೇಮಕಾತಿಗಳಲ್ಲೂ ಹೀಗೆ ಬರೆದರೆ ತಪ್ಪಿಲ್ಲ, ಬರೆಯಬೇಕು ಎಂದೇ ನನ್ನ ಅಭಿಪ್ರಾಯ. ಬರೆಯದೇ ಒಬ್ಬಿಬ್ಬರಿಗೆ ಸಡಿಲಿಸುವುದು ಮಾತ್ರ ಅನ್ಯಾಯ.

ಪಾಸಾದ ದಿನ ಯಾವುದು ಎಂಬುದರಲ್ಲೂ ಗೊಂದಲವಿದೆ. ಘಟಿಕೋತ್ಸವದ ದಿನವಲ್ಲ, ಕೊನೆಯ ಪರೀಕ್ಷೆ ಬರೆದ ದಿನವೂ ಅಲ್ಲ. ಬ್ಯಾಂಕ್ ನೇಮಕಾತಿಯ ಐಬಿಪಿಎಸ್ ಅಂಕಪಟ್ಟಿ ಅಥವಾ ಪ್ರಾವಿಷನಲ್ ಸರ್ಟಿಫಿಕೇಟ್ ಮೇಲಿನ ದಿನಾಂಕವನ್ನು ನೋಡುತ್ತದೆ. ಫಲಿತಾಂಶ ವೆಬ್‌ಸೈಟಿನಲ್ಲಿ ಮೊದಲೇ ಬಂದಿದ್ದರೆ, ಬಂದ ದಿನವನ್ನು ತಿಳಿಸುವ ವಿಶ್ವವಿದ್ಯಾಲಯದ ಪತ್ರ ತರಬೇಕೆನ್ನುತ್ತದೆ.

ವಯಸ್ಸಿನ ಲೆಕ್ಕ ಇನ್ನೂ ಸೂಕ್ಷ್ಮ. ಹುಟ್ಟುಹಬ್ಬದ ದಿನವೇ ವರ್ಷ ತುಂಬುತ್ತದೆ ಎಂದು ನಾವೆಲ್ಲ ಅಂದುಕೊಂಡಿರುತ್ತೇವೆ. ಪ್ರಭು ದಯಾಳ್ ಸೇಸ್ಮಾ ಪ್ರಕರಣದ (1986) ಅಭ್ಯರ್ಥಿ ಹುಟ್ಟಿದ್ದು 1956ರ ಜನವರಿ 2ರಂದು. 1984ರ ಜನವರಿ 1ಕ್ಕೆ 28 ತುಂಬಿರಬಾರದು ಎಂಬುದು ರಾಜಸ್ಥಾನದ ನಿಯಮ. ಹುಟ್ಟಿದ ದಿನವನ್ನೂ ಪೂರ್ತಿ ಎಣಿಸಬೇಕಾದ್ದರಿಂದ ಜನವರಿ 1ಕ್ಕೇ 28 ತುಂಬಿತೆಂದು ಸುಪ್ರೀಂ ಕೋರ್ಟ್ ಹೇಳಿತು, ಆತ ಅನರ್ಹನಾದ. ಜೂನ್ 1ರಂದು ಹುಟ್ಟಿದ ಸರ್ಕಾರಿ ನೌಕರರು ಮೇ 31ಕ್ಕೇ ನಿವೃತ್ತರಾಗುವುದರ ಹಿಂದೆಯೂ ಇದೇ ಎಣಿಕೆ ಇದೆ. ಶಾಲೆಗೆ ಸೇರಿಸುವಾಗ ಅಂದಾಜಿನಲ್ಲಿ ಬರೆಸಿದ ತಾರೀಖಾದರೂ ಎಸ್‌ಎಸ್‌ಎಲ್‌ಸಿ ಅಂಕಪಟ್ಟಿಯಲ್ಲಿ ಇರುವುದೇ ಲೆಕ್ಕಕ್ಕೆ ಬರುತ್ತದೆ.

ಮೀಸಲಾತಿ ಪ್ರಮಾಣಪತ್ರದ ವಿಷಯದಲ್ಲಿ ವಾದ ಅಷ್ಟು ನೇರವಲ್ಲ. ಜಾತಿ ಹುಟ್ಟಿನಿಂದ ಬಂದದ್ದು, ನಾಡಕಚೇರಿ ಪತ್ರ ಬರೀ ಪುರಾವೆ, ಅದು ತಡವಾದರೇನು ಎಂದು ಕೇಳಬಹುದು. 2016ರ ರಾಮ್ ಕುಮಾರ್ ಗಿಜ್ರೋಯಾ ತೀರ್ಪು ಹೀಗೆ ತಡವಾಗಿ ಬಂದ ಒಬಿಸಿ ಪತ್ರವನ್ನು ಒಪ್ಪಿದೆ. ಆದರೆ ಆದಾಯ, ಕೆನೆಪದರ ಹುಟ್ಟಿನಿಂದ ಬಂದವಲ್ಲ, ವರ್ಷದಿಂದ ವರ್ಷಕ್ಕೆ ಬದಲಾಗುತ್ತವೆ. ದಿವ್ಯಾ ಪ್ರಕರಣದಲ್ಲಿ (2023) ಯುಪಿಎಸ್‌ಸಿ ನಿಗದಿ ಮಾಡಿದ ದಿನದೊಳಗೆ ಸರಿಯಾದ ಆರ್ಥಿಕ ದುರ್ಬಲ ವರ್ಗದ ಪತ್ರ ಇಲ್ಲದವರ ಕೋರಿಕೆಯನ್ನು ಸುಪ್ರೀಂ ಕೋರ್ಟ್ ತಳ್ಳಿಹಾಕಿತು. ಕೆಪಿಎಸ್‌ಸಿ ಅಧಿಸೂಚನೆಗಳೂ ಪ್ರಮಾಣಪತ್ರಗಳನ್ನು ಅರ್ಜಿಯ ಕೊನೆಯ ದಿನಾಂಕದೊಳಗೆ ಪಡೆದಿಟ್ಟುಕೊಂಡಿರಬೇಕೆಂದೇ ಹೇಳುತ್ತವೆ. ಹಳ್ಳಿಯಲ್ಲಿ ಮನೆ ಇದ್ದರೆ ಗ್ರಾಮೀಣ ಅಭ್ಯರ್ಥಿ ಎಂಬುದೂ ತಪ್ಪು. ಬೇಕಾದದ್ದು ಒಂದರಿಂದ ಹತ್ತನೇ ತರಗತಿವರೆಗೆ ಗ್ರಾಮೀಣ ಶಾಲೆಯಲ್ಲಿ ಓದಿದ್ದಕ್ಕೆ ನಮೂನೆ-2ರ ಪ್ರಮಾಣಪತ್ರ. ಬಿಇಒ ಮೇಲುಸಹಿಗೆ ಕಾಯುವ ದಿನಗಳನ್ನೂ ಲೆಕ್ಕಕ್ಕೆ ಹಿಡಿಯಬೇಕು.

ಕೊನೆಯ ದಿನಾಂಕ ಮುಂದೂಡಿದರೆ ಎಲ್ಲವೂ ಮುಂದಕ್ಕೆ ಹೋಗುತ್ತದೆ ಎಂಬುದು ಉಳಿದ ಇನ್ನೊಂದು ನಂಬಿಕೆ. ಅರ್ಹತೆಯ ದಿನವೂ ಜೊತೆಗೆ ಹೋದರೆ, ತಡವಾಗಿ ಫಲಿತಾಂಶ ಬಂದವನಿಗೆ ಅನುಕೂಲ. ಮುಂದೂಡಿದ ಆ ಅವಧಿಯಲ್ಲೇ ವಯೋಮಿತಿ ದಾಟುವವನಿಗೆ ಆಪತ್ತು. ಅರ್ಜಿ ಸಲ್ಲಿಕೆಯ ಅವಧಿ ಮಾತ್ರ ವಿಸ್ತರಣೆಯಾಗಿದೆಯೋ, ವಯಸ್ಸು ಮತ್ತು ವಿದ್ಯಾರ್ಹತೆಗೆ ಮೂಲ ದಿನಾಂಕವೇ ಮುಂದುವರಿಯುತ್ತದೆಯೋ ಎಂಬುದನ್ನು ತಿದ್ದುಪಡಿ ಅಧಿಸೂಚನೆಯ ಒಳಪುಟದಲ್ಲೇ ಹುಡುಕಿ ಓದಬೇಕು.