ಮಾತಿಲ್ಲದ ನಾಯಕ ಹೋದದ್ದು ಕನ್ನಡದಿಂದ

ತಮಿಳು ಸಿನಿಮಾದಲ್ಲಿ ಪ್ರೀತಿಯನ್ನು ಬಾಯಿಬಿಟ್ಟು ಹೇಳದ ನಾಯಕ ಎಂದರೆ ಥಟ್ಟನೆ ನೆನಪಾಗುವವರು ಇಬ್ಬರು: ಮೋಹನ್ ಮತ್ತು ಮುರಳಿ. ಇಬ್ಬರೂ ಕರ್ನಾಟಕದವರು. ಒಬ್ಬರು ಉಡುಪಿಯ ಕಡೆಯವರು, ಇನ್ನೊಬ್ಬರು ಬೆಂಗಳೂರಿನವರು.

ತಮಿಳು ತೆರೆ ಬೆಳೆದದ್ದೇ ಮಾತಿನ ಮೇಲೆ. 1952ರ ‘ಪರಾಶಕ್ತಿ’ಯಲ್ಲಿ ಕರುಣಾನಿಧಿ ಬರೆದ ಸಂಭಾಷಣೆಯನ್ನು ಶಿವಾಜಿ ಗಣೇಶನ್ ಗುಡುಗಿದ ಮೇಲೆ ಪ್ರೇಮ ನಿವೇದನೆಯೂ ಭಾಷಣದ ಧಾಟಿಗೆ ಬಿತ್ತು. ಆ ಅಬ್ಬರ ಬೇಡವೆಂದ ಛಾಯಾಗ್ರಾಹಕ ಬಾಲು ಮಹೇಂದ್ರ ಮೊದಲ ಸಲ ನಿರ್ದೇಶನಕ್ಕಿಳಿದದ್ದು ಕನ್ನಡದಲ್ಲಿ. ‘ಕೋಕಿಲ’ (1977) ಚಿತ್ರದಲ್ಲಿ ಕಮಲ್ ಹಾಸನ್, ಶೋಭಾ ಜೊತೆ ಮೋಹನ್ ಎಂಬ ಹೊಸ ಮುಖವಿತ್ತು. ಛಾಯಾಗ್ರಹಣಕ್ಕೆ ರಾಷ್ಟ್ರಪ್ರಶಸ್ತಿ ಬಂತು. ಕನ್ನಡದ ಈ ಚಿತ್ರ ಮದ್ರಾಸಿನಲ್ಲೇ ನೂರು ದಿನ ದಾಟಿತು!

ಮಣಿರತ್ನಂ ಕೂಡ ಶುರು ಮಾಡಿದ್ದು ಕನ್ನಡದ ‘ಪಲ್ಲವಿ ಅನುಪಲ್ಲವಿ’ಯಿಂದ (1983). ಕ್ಯಾಮೆರಾ ಬಾಲು ಮಹೇಂದ್ರರದು, ಸಂಗೀತ ಇಳಯರಾಜರದು. ಅದರ ಒಂದು ಟ್ಯೂನ್ ಮುಂದೆ ಐಡಿಯಾ ಮೊಬೈಲ್ ಜಾಹೀರಾತಾಗಿ ಟಿ.ವಿ.ಯಲ್ಲೂ ಕೇಳಿಸಿತು.

1986ರಲ್ಲಿ ಅವರದೇ ತಮಿಳು ಚಿತ್ರ ‘ಮೌನ ರಾಗಂ’ ಬಂತು. ಒಲ್ಲದ ಮದುವೆಯಾದ ರೇವತಿ, ಗಂಡ ತಂದ ಕಾಲ್ಗೆಜ್ಜೆ ಬೇಡ, ವಿಚ್ಛೇದನ ಬೇಕು ಎನ್ನುತ್ತಾಳೆ. ಗಂಡನಾದ ಮೋಹನ್ ರೇಗುವುದಿಲ್ಲ, ಅಂಗಲಾಚುವುದೂ ಇಲ್ಲ. ಮನಸ್ಸು ತಿರುಗಿದಾಗ ಅವಳೂ ಮೊದಲಿಗೆ ಅದನ್ನು ಹೇಳುವುದಿಲ್ಲ, ಆ ಗೆಜ್ಜೆ ತೊಟ್ಟುಕೊಳ್ಳುತ್ತಾಳೆ. ಇನ್ನೊಂದು ತಮಾಷೆ: ತಮಿಳಿನ ಹೆಚ್ಚಿನ ಚಿತ್ರಗಳಲ್ಲಿ ಮೋಹನ್‌ಗೆ ದನಿ ಕೊಟ್ಟವರು ಗಾಯಕ ಎಸ್.ಎನ್. ಸುರೇಂದರ್. ಮೌನವಷ್ಟೇ ಮೋಹನ್‌ರ ಸ್ವಂತದ್ದು.

ಮುರಳಿ, ‘ಬಂಗಾರದ ಮನುಷ್ಯ’ದ ನಿರ್ದೇಶಕ ಸಿದ್ದಲಿಂಗಯ್ಯನವರ ಮಗ. ‘ಪ್ರೇಮ ಪರ್ವ’ದಂಥ ಕನ್ನಡ ಚಿತ್ರಗಳಾದ ಮೇಲೆ ತಮಿಳಿಗೆ ಹೋದವರು. ಮಣಿರತ್ನಂ ಅವರ ಮೊದಲ ತಮಿಳು ಚಿತ್ರ ‘ಪಗಲ್ ನಿಲವು’ಗೆ (1985) ಅವರೇ ನಾಯಕ. ಆದರೆ ಹೆಸರು ನಿಂತದ್ದು ಕದಿರ್ ನಿರ್ದೇಶನದ ‘ಇದಯಂ’ನಿಂದ (1991). ವೈದ್ಯಕೀಯ ಓದಲು ನಗರಕ್ಕೆ ಬಂದ ಹಳ್ಳಿ ಹುಡುಗ ರಾಜಾ (ಮುರಳಿ), ನಾಯಕಿ ಹೀರಾಳಿಗೆ ಮನಸ್ಸಿನ ಮಾತು ಹೇಳಲು ಹೊರಟು ಹೊರಟು ಹಿಂದಿರುಗುತ್ತಾನೆ. ಅವನ ಹೃದಯಕ್ಕೆ ರೋಗ. ಕೊನೆಗೆ ಅವಳೇ ಒಪ್ಪಿದರೂ ಉದ್ವೇಗ ಪ್ರಾಣಕ್ಕೆ ಕುತ್ತು, ಹಾಗಾಗಿ ಹೇಳುವಂತಿಲ್ಲ. ಅತಿಯಾಯಿತು ಅನ್ನಿಸಬಹುದು, ತಮಿಳರು ಮಾತ್ರ ಅದನ್ನು ಎದೆಗೊತ್ತಿಕೊಂಡರು. ವಯಸ್ಸು ಏರಿದರೂ ಮುರಳಿಗೆ ಕಾಲೇಜು ಹುಡುಗನ ಪಾತ್ರ ತಪ್ಪಲಿಲ್ಲ.

ಈ ಇಬ್ಬರನ್ನು ಕನ್ನಡ ಚಿತ್ರರಂಗ ಹಿಡಿದಿಟ್ಟುಕೊಳ್ಳಲಿಲ್ಲ, ಅದು ನಮ್ಮ ನಷ್ಟವೇ. 2010ರಲ್ಲಿ ಮಗ ಅಥರ್ವನ ಮೊದಲ ಚಿತ್ರ ‘ಬಾಣ ಕಾತಾಡಿ’ಯಲ್ಲಿ ಮುರಳಿ ಅದೇ ‘ಇದಯಂ’ ರಾಜಾ ಆಗಿ ಒಂದು ಗಳಿಗೆ ಬಂದು ಹೋದರು. ಅವರ ಕೊನೆಯ ಚಿತ್ರ ಅದೇ.